ಬೇಸಿಗೆಗೆ ಬಾಂದುಕಲ್ಲು ನೆಟ್ಟವರು

ಕಾಲವೇ ನೆಲವಾಗಿ ಹರಡಿಕೊಂಡಿದ್ದ ಒಂದು ಯುಗ ಇತ್ತು ಅಂದರೆ ನೀವು ನಗುತ್ತೀರಿ. ಕೃತ, ತ್ರೇತ, ದ್ವಾಪರ ಎಂದು ಎಣಿಸಿದವರ ಪಟ್ಟಿಯಲ್ಲಿ ಅದು ಇಲ್ಲ. ನಾವು ಶಾಲೆಯಲ್ಲಿ ಬಾಯಿಪಾಠ ಮಾಡಿದ ದೊರೆಗಳ ಚರಿತ್ರೆಯಲ್ಲೂ ಇಲ್ಲ. ಆದರೆ ಕಡೂರು, ತರೀಕೆರೆ, ಅಜ್ಜಂಪುರದ ಕಡೆ ಬೇಸಿಗೆ ಅಂದರೆ ಬರೀ ಬಿಸಿಲಿನ ಮೂರು ತಿಂಗಳಾಗಿರಲಿಲ್ಲ. ಬೇಸಿಗೆಗೆ ಎಲ್ಲೆ ಇತ್ತು, ಎಲ್ಲೆಗೆ ಬಾಂದುಕಲ್ಲು ಇತ್ತು, ಕಾಯೋಕೆ ಆಳು ಇದ್ದ. ನಿಮ್ಮ ಮೇಕೆ ಗೊತ್ತಿಲ್ಲದೆ ಬೇಸಿಗೆಯೊಳಕ್ಕೆ ನುಗ್ಗಿದರೆ ದೊಡ್ಡಿಗೆ ಹೊಡೆದುಕೊಂಡು ಹೋಗ್ತಿದ್ದರು. ದಂಡ ಕಟ್ಟಿ ಬಿಡಿಸಿಕೊಂಡು ಬರಬೇಕಿತ್ತು.

ನಾವು ಹೇಳುತ್ತಿರುವುದು ಅಮೃತಮಹಲ್ ಕಾವಲುಗಳ ಮಾತು. ಮೈಸೂರಿನ ಚಿಕ್ಕದೇವರಾಜ ಒಡೆಯರ (1672–1704) ಕಾಲಕ್ಕೆ ಇದಕ್ಕೆ ಬೆಣ್ಣೆ ಚಾವಡಿ ಅಂತ ಹೆಸರು, ಅರಮನೆಗೆ ಹಾಲು ಬೆಣ್ಣೆ ಒದಗಿಸುವ ಇಲಾಖೆ. ಹೈದರಾಲಿ ಬಂದ ಮೇಲೆ ಬೆಣ್ಣೆಗಿಂತ ಎತ್ತು ದೊಡ್ಡದಾಯಿತು, ಯಾಕೆಂದರೆ ಫಿರಂಗಿ ಎಳೆಯೋದು ಎತ್ತು. ಟಿಪ್ಪು ಅದಕ್ಕೆ ಅಮೃತಮಹಲ್ ಎಂದು ಹೆಸರಿಟ್ಟು ಹುಕುಂನಾಮೆ ಹೊರಡಿಸಿದ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದಾಗ ಅರಮನೆ ಲೂಟಿಯಾಯಿತು, ದನ ಮಾತ್ರ ಜೋಪಾನವಾಗಿ ಕುಂಪಣಿಯ ಕೈಸೇರಿತು. ಬಿಳಿಯರಿಗೂ ಫಿರಂಗಿ ಇತ್ತಲ್ಲ.

ಈ ಕಾವಲುಗಳನ್ನು ವಿಂಗಡಿಸಿದ ಬಗೆ ನೋಡಿ. ನೆಲವನ್ನು ತರಿ, ಖುಷ್ಕಿ, ಬಾಗಾಯ್ತು ಅಂತ ಭಾಗ ಮಾಡೋದು ಶ್ಯಾನುಭೋಗರ ಲೆಕ್ಕ. ಇಲ್ಲಿ ಹಾಗಲ್ಲ. ಮಳೆಗಾಲದ ಕಾವಲು, ಚಳಿಗಾಲದ ಕಾವಲು, ಬೇಸಿಗೆ ಕಾವಲು ಎಂದು ಕಾಲದ ಹೆಸರಿನಲ್ಲೇ ನೆಲಕ್ಕೆ ಲೆಕ್ಕ. ಮಳೆ ಹಿಡಿದಾಗ ಹುಲ್ಲು ಸೊಂಪಾಗಿ ಎದ್ದು ಆಮೇಲೆ ಒಣಗುವ ಬಯಲು ಮಳೆಗಾಲದ್ದು. ಅಕ್ಟೋಬರಿನಿಂದ ಜನವರಿವರೆಗೆ ಹುಲ್ಲೂ ನೀರೂ ನಿಲ್ಲುವ ಜಾಗ ಚಳಿಗಾಲದ್ದು. ಬೇಸಿಗೆಯದಕ್ಕೆ ಎಲ್ಲಕ್ಕಿಂತ ಹೆಚ್ಚು ಬೆಲೆ: ಕೆರೆಯಂಗಳ, ತೇವ ಆರದ ಮಣ್ಣು, ನೆರಳಿನ ಮರ. ದನದ ಹಿಂಡಿಗೆ ಸೇರ್ವೆ ಎಂದು ಹೆಸರು, ಅದರ ಯಜಮಾನ ಸೇರ್ವೇಗಾರ. ಕಾಲ ಸರಿದ ಹಾಗೆ ಸೇರ್ವೆಯೂ ಒಂದು ಕಾವಲಿನಿಂದ ಇನ್ನೊಂದಕ್ಕೆ ಸರಿಯೋದು. ಎತ್ತಿನ ಪಾಲಿಗೆ ವರ್ಷ ಅನ್ನೋದು ಕಾಲಿಟ್ಟು ದಾಟುವ ದಾರಿ. ಇಂಥ ಕಾವಲುಗಳು ಮೈಸೂರು ಸಂಸ್ಥಾನದಲ್ಲಿ ಒಂದು ಕಾಲಕ್ಕೆ ನಾಲ್ಕು ಲಕ್ಷ ಎಕರೆ ಮೀರಿದ್ದವು.

ನಮ್ಮ ಸೀಮೆಯ ನೆಲವೂ ಇದಕ್ಕೆ ಹೇಳಿ ಮಾಡಿಸಿದಂತಿದೆ. ಪಡುವಲಕ್ಕೆ ತರೀಕೆರೆಯ ಬೆನ್ನಿಗೆ ಬಾಬಾಬುಡನ್ ಗಿರಿ, ಕೆಮ್ಮಣ್ಣುಗುಂಡಿ. ಮೂಡಲಕ್ಕೆ ಗಿರಿಯ ಮಳೆನೆರಳಿಗೆ ಬಿದ್ದ ಕಡೂರಿನ ಬಯಲು. ಲಿಂಗದಹಳ್ಳಿಯಲ್ಲಿ ಜಡಿಮಳೆ ಕುಟ್ಟುತ್ತಿರುವಾಗ ಕಡೂರಿನ ಆಚೆ ಜನ ಮೋಡ ನೋಡಿಕೊಂಡು ಕೂತಿರ್ತಾರೆ. ಒಂದು ಹಗಲು ನಡೆದರೆ ಒಂದು ಋತು ಬದಲು.

ಹೀಗೆ ಕಾಲ ಉಂಡು ಬೆಳೆದ ಎತ್ತು ಯುದ್ಧಕ್ಕೆ ಹೋದಾಗ ಕಾಲವನ್ನೇ ಕುಗ್ಗಿಸಿಬಿಡುತ್ತಿತ್ತು. ಚಿದಂಬರದ ನೆರವಿಗೆ ಹೈದರ್ ಎರಡೂವರೆ ದಿನದಲ್ಲಿ ನೂರು ಮೈಲಿ ನಡೆದದ್ದು, ಬಿದನೂರನ್ನು ಮರಳಿ ಹಿಡಿಯಲು ಟಿಪ್ಪು ಒಂದು ತಿಂಗಳಲ್ಲಿ ಈ ಕಡಲಿಂದ ಆ ಕಡಲ ಬದಿಗೆ ಬಂದದ್ದು ಈ ಎತ್ತುಗಳ ಬಲದಿಂದ ಎಂದು ರೈಸ್ ಸಾಹೇಬರ ಗೆಜೆಟಿಯರು ಹೊಗಳುತ್ತದೆ. ಹೊಗಳಲಿ, ಎತ್ತಿನ ಮೇಲೆ ನಮಗೆ ಸಿಟ್ಟಿಲ್ಲ. ಆ ಎತ್ತು ಕಾವಲಿನಲ್ಲೋ ದಾರಿಯಲ್ಲೋ ಸತ್ತು ಬಿದ್ದಾಗ ಹೊತ್ತವರು ಯಾರು, ಚರ್ಮ ಸುಲಿದು ಹದ ಮಾಡಿ ಮಿಣಿ, ಬಾರುಕೋಲು ಹೊಸೆದವರು ಯಾರು? ಸತ್ತ ದನ ಕೇರಿಯ ಪಾಲು ಅನ್ನೋದು ಊರ ಕಟ್ಟಳೆಯಾಗಿತ್ತು. ನೂರು ಮೈಲಿಯ ಲೆಕ್ಕ ಇಟ್ಟವರು ಈ ಲೆಕ್ಕ ಇಡಲಿಲ್ಲ.

ಬೇಸಿಗೆಯಲ್ಲಿ ದೊರೆಯ ಎತ್ತಿಗೆ ಕೆರೆಯಂಗಳ. ಅದೇ ಬೇಸಿಗೆಯಲ್ಲಿ ನಮ್ಮ ಅಜ್ಜಿಯರು ಊರ ಬಾವಿಯಿಂದ ದೂರ ಕೊಡ ಇಟ್ಟುಕೊಂಡು, ಯಾರಾದರೂ ಪುಣ್ಯಾತ್ಮರು ಒಂದು ಬಿಂದಿಗೆ ಹೊಯ್ಯಲಿ ಅಂತ ಬಿಸಿಲಲ್ಲಿ ನಿಲ್ಲುತ್ತಿದ್ದರು. ಧಾತು, ಈಶ್ವರ ಸಂವತ್ಸರಗಳ ಬರ (1876–78) ಬಂದು ಹೋದಾಗ ಮೈಸೂರು ಸೀಮೆಯ ಜನ ಎಷ್ಟಿದ್ದರು? 1871ರ ಖಾನೇಷುಮಾರಿಯಲ್ಲಿ 50 ಲಕ್ಷ ದಾಟಿದ್ದವರು 1881ರಲ್ಲಿ 42 ಲಕ್ಷದ ಒಳಗೆ. ಮನುಷ್ಯರಿಗೆ ಬೇಸಿಗೆ ಕಾವಲು ಇರಲಿಲ್ಲ.

ಹಾಗಂತ ಕೇರಿಯ ಕಾಲಕ್ಕೆ ನೆಲ ಇರಲೇ ಇಲ್ಲ ಅನ್ನುವಂತಿಲ್ಲ. ಇತ್ತು, ಆದರೆ ಅದು ಇನ್ನೊಬ್ಬರದು. ಜೀತದಾಳಿನ ವರ್ಷ ಯುಗಾದಿಯಿಂದ ಯುಗಾದಿಗೆ ಗೌಡರ ಹೊಲ. ಆರಿದ್ರ ಮಳೆ ಅಂದರೆ ಅವರ ಬಿತ್ತನೆ, ಸುಗ್ಗಿ ಅಂದರೆ ಅವರ ಕಣ. ಹಣ್ಣು ಬಿಡಿಸೋ ಹೊತ್ತಿಗೆ ಮೇಸ್ತ್ರಿ ಬಂದು ಮುಂಗಡ ಕೊಟ್ಟರೆ ಗಂಡ, ಹೆಂಡತಿ, ಮಗು, ಮಡಕೆ ಎಲ್ಲ ಘಟ್ಟ ಹತ್ತಿ ಕಾಫಿ ತೋಟದ ಲೈನು ಸೇರೋದು. ಮಳೆಗೆ ಮತ್ತೆ ಇಳಿಯೋದು. ನಾವೂ ಸೇರ್ವೆಯ ಹಾಗೆ ಋತು ಹಿಡಿದು ನಡೆದವರೇ. ಎತ್ತಿನ ಋತು ಸರ್ಕಾರದ ದಫ್ತರದಲ್ಲಿತ್ತು, ನಮ್ಮದು ಮೇಸ್ತ್ರಿಯ ಸಾಲದ ಪುಸ್ತಕದಲ್ಲಿತ್ತು. ಜೀತ ಕಾನೂನಿನಲ್ಲಿ ರದ್ದಾದದ್ದು 1976ಕ್ಕೆ.

ಆ ಯುಗ ಒಂದೇ ಸಲ ಮುಗಿಯಲಿಲ್ಲ. 1860ರಲ್ಲಿ ಖರ್ಚು ಹೆಚ್ಚೆಂದು ದನಗಳನ್ನು ಮಾರಿದರು, ಆರೇ ವರ್ಷಕ್ಕೆ ಮತ್ತೆ ಕಟ್ಟಿದರು. ಮೋಟಾರು ಬಂದು ಎತ್ತು ಸೋತ ಮೇಲೆ, 1929ರಲ್ಲಿ ಅಜ್ಜಂಪುರದಲ್ಲಿ ತಳಿ ಕೇಂದ್ರವಾಯಿತು, ಅದು ಇಂದಿಗೂ ಇದೆ. 1940ರ ದಶಕದಲ್ಲಿ ಹೆಚ್ಚು ಆಹಾರ ಬೆಳೆಯಿರಿ ಅನ್ನುವ ಕೂಗಿನೊಂದಿಗೆ ಕಾವಲುಗಳನ್ನು ಒಡೆದು ಹಂಚತೊಡಗಿದರು. ಉಳಿದ ಕಡೆ ನೀಲಗಿರಿ ನೆಟ್ಟರು. ಕಡೂರು ತಾಲ್ಲೂಕಿನ ಬಾಸೂರು ಕಾವಲನ್ನು 2011ರಲ್ಲಿ ಕೃಷ್ಣಮೃಗಗಳ ಮೀಸಲು ಮಾಡಿದರು. ಅದೂ ಒಳ್ಳೇದೇ, ಜಿಂಕೆಗೂ ಬದುಕಲು ನೆಲ ಬೇಕು.

ಹಂಚಿಕೆಯಲ್ಲಿ ಕೇರಿಗೂ ಅಷ್ಟಿಷ್ಟು ಚೂರು ಬಂತು. ಬಂದದ್ದು ಸಾಲಕ್ಕೆ, ಮದುವೆಗೆ, ಹೆಬ್ಬೆಟ್ಟಿನ ಮೋಸಕ್ಕೆ ಹೋಯಿತು. ಹೋದದ್ದನ್ನು ಮರಳಿ ಕೊಡಿಸಲು 1978ರ ಪರಭಾರೆ ನಿಷೇಧ ಕಾಯ್ದೆ ಬಂತು. ಆದರೆ 2017ರಲ್ಲಿ ಸುಪ್ರೀಂ ಕೋರ್ಟು, ಸಕಾಲದಲ್ಲಿ ಕೇಳಬೇಕಿತ್ತು ಅಂದಿತು. ಸಕಾಲ! ಕಾಲವನ್ನು ಎಂದೂ ಕೈಯಲ್ಲಿ ಹಿಡಿಯದವರಿಗೆ ಈ ಮಾತು. ಹೋರಾಟದ ಮೇಲೆ 2023ರಲ್ಲಿ ತಿದ್ದುಪಡಿಯಾಗಿ, ಅರ್ಜಿಗೆ ಕಾಲಮಿತಿ ಇಲ್ಲ ಎಂದಾಯಿತು.

ತರೀಕೆರೆ ಹತ್ತಿರದ ಅಮೃತಾಪುರದಲ್ಲಿ ಹೊಯ್ಸಳ ದಂಡನಾಯಕ 1196ರಲ್ಲಿ ಕಟ್ಟಿಸಿದ ಗುಡಿ ಇದೆ, ಕವಿ ಜನ್ನ ಬರೆದ ಶಾಸನ ಇದೆ. (ಆ ಅಮೃತವೇ ಬೇರೆ, ಈ ಅಮೃತವೇ ಬೇರೆ.) ಅವರ ತೇದಿ ಕಲ್ಲಿನ ಮೇಲಿದೆ. ನಮ್ಮ ಕೇರಿಯ ಅಜ್ಜಿಯೊಬ್ಬಳ ಅರ್ಜಿ ಹಿಡಿದು ನಾವು ಕಚೇರಿಗೆ ಹೋದಾಗ ಗುಮಾಸ್ತರು ಕೇಳಿದ್ದು ಒಂದೇ: ಮಂಜೂರಾದ ಇಸವಿ ಯಾವುದು?

"ಕಾವಲು ಬಿಟ್ರಲ್ಲ ಆವಾಗ ಕಣಪ್ಪ" ಅಂದಳು ಅಜ್ಜಿ. "ಹಳ್ಳದ ದಂಡೇಲಿ ದೊಡ್ಡ ಹುಣಿಸೆಮರ ಬಿತ್ತಲ್ಲ, ಅದರ ಮುಂದಿನ ಯುಗಾದಿ."

ಗುಮಾಸ್ತರು ನಮ್ಮ ಮುಖ ನೋಡಿದರು. ಅರ್ಜಿಯಲ್ಲಿ ಹುಣಿಸೆಮರಕ್ಕೆ ಕಾಲಂ ಇರಲಿಲ್ಲ.

ಮಾರನೇ ದಿನ ಅಜ್ಜಿಯನ್ನೇ ಕರಕೊಂಡು ಕಾವಲಿಗೆ ಹೋದೆವು. ಹುಣಿಸೆಯ ಬುಡ ಇನ್ನೂ ಇತ್ತು. ಅಲ್ಲಿಂದ ಮುಚ್ಚಿಹೋದ ಗುಂಡಿಯವರೆಗೆ ನಡೆದಳು, ದೊಡ್ಡ ಮಗ ಹುಟ್ಟಿದ್ದು ಅಂದಳು. ನೀಲಗಿರಿ ಸಾಲಿನ ಹತ್ತಿರ ನಿಂತು, ಗಂಡ ತೀರಿಕೊಂಡಾಗ ಇವು ಮೊಣಕಾಲುದ್ದ ಇದ್ವು ಅಂದಳು. ನಾವು ಹಿಂದೆ ಹಿಂದೆ ನಡೆದು, ಒಂದೊಂದಕ್ಕೂ ಇಸವಿ ಕೂಡಿಸಿ ಕಳೆದು, ಹಾಳೆಯಲ್ಲಿ ಬರೆದುಕೊಂಡೆವು. ಸಂಜೆಯಾದರೂ ಅವಳು ನಡೆಯುತ್ತಲೇ ಇದ್ದಳು.