ಎರಡು ಗೆಲುವು, ಎಂಟು ಸೋಲು

ದಾಖಲೆ ಪುಸ್ತಕಕ್ಕೆ ಕರುಣೆಯಿಲ್ಲ. ಅಮೆರಿಕದ ಕಾಲೇಜು ಫುಟ್‌ಬಾಲ್‌ನಲ್ಲಿ ಮಾರ್ಷಲ್ ವಿಶ್ವವಿದ್ಯಾಲಯ 1971ರಲ್ಲಿ ಮಾಡಿದ ಸಾಧನೆಯನ್ನು ಅದು ಒಂದೇ ಸಾಲಿನಲ್ಲಿ ಮುಗಿಸುತ್ತದೆ: ಪಂದ್ಯ 10, ಗೆಲುವು 2, ಸೋಲು 8. ಆ ವರ್ಷ ಹೊಸದಾಗಿ ಬಂದ ತರಬೇತುದಾರ ಜಾಕ್ ಲೆಂಗ್ಯೆಲ್. ಇಂಥ ಫಲಿತಾಂಶಕ್ಕೆ ಬೇರೆಡೆ ಟೀಕೆಯ ಸುರಿಮಳೆಯೇ ಆಗುತ್ತಿತ್ತು. ಆದರೆ ವೆಸ್ಟ್ ವರ್ಜೀನಿಯ ರಾಜ್ಯದ ಹಂಟಿಂಗ್ಟನ್ ಪಟ್ಟಣ ಆ ಋತುವನ್ನು ಇಂದಿಗೂ ಕೃತಜ್ಞತೆಯಿಂದ ನೆನೆಯುತ್ತದೆ. ಏಕೆ?

ಉತ್ತರವಿರುವುದು ಅದರ ಹಿಂದಿನ ವರ್ಷದಲ್ಲಿ. 1970ರ ನವೆಂಬರ್ 14ರಂದು ಈಸ್ಟ್ ಕೆರೊಲಿನಾ ತಂಡದೆದುರು 17-14ರಿಂದ ಸೋತ ಮಾರ್ಷಲ್ ತಂಡ ಬಾಡಿಗೆ ವಿಮಾನದಲ್ಲಿ ಮರಳುತ್ತಿತ್ತು. ಮಳೆ, ಮಂಜಿನ ರಾತ್ರಿ. ನಿಲ್ದಾಣ ಇನ್ನೇನು ಬಂತೆನ್ನುವಾಗ ವಿಮಾನ ಗುಡ್ಡಕ್ಕೆ ಅಪ್ಪಳಿಸಿತು. ಅದರಲ್ಲಿದ್ದ 75 ಮಂದಿಯಲ್ಲಿ ಒಬ್ಬರೂ ಉಳಿಯಲಿಲ್ಲ. 37 ಆಟಗಾರರು, ಮುಖ್ಯ ತರಬೇತುದಾರ ರಿಕ್ ಟಾಲಿ, ತಂಡದ ಜೊತೆ ಹೋಗಿದ್ದ ಊರಿನ ಗಣ್ಯರು, ಎಲ್ಲರೂ ಸತ್ತರು. ಆರು ಆಟಗಾರರ ದೇಹಗಳನ್ನು ಗುರುತಿಸಲೂ ಆಗಲಿಲ್ಲ.

ಆಟವನ್ನೇ ನಿಲ್ಲಿಸಬೇಕೆಂಬ ಮಾತು ಎದ್ದಿತು. ಅದರಲ್ಲಿ ತಪ್ಪೇನೂ ಇರಲಿಲ್ಲ. ಮಕ್ಕಳನ್ನು ಕಳೆದುಕೊಂಡವರ ಕಣ್ಣೆದುರೇ ಮತ್ತೆ ಮೈದಾನಕ್ಕಿಳಿಯುವುದು ಹೇಗೆ? ಆದರೆ ಗಾಯದಿಂದಾಗಿ ಆ ಪ್ರಯಾಣ ತಪ್ಪಿಸಿಕೊಂಡಿದ್ದ ನೇಟ್ ರಫಿನ್‌ನಂಥ ಆಟಗಾರರಿಗೆ ಆಟ ನಿಲ್ಲಿಸಿದರೆ ಸತ್ತ ಗೆಳೆಯರನ್ನು ಎರಡನೆಯ ಬಾರಿ ಕಳೆದುಕೊಂಡಂತೆ ಎನಿಸಿತು. ಕೊನೆಗೆ ಆಡುವುದೆಂದೇ ತೀರ್ಮಾನವಾಯಿತು.

ಆಡಿಸುವವರು ಯಾರು? ಮೊದಲು ಒಪ್ಪಿಕೊಂಡವರೊಬ್ಬರು ಕೆಲವೇ ದಿನಗಳಲ್ಲಿ ಹಿಂದೆ ಸರಿದರು. ಆಗ ಬಂದವರು ಓಹಾಯೊದ ವೂಸ್ಟರ್ ಕಾಲೇಜಿನಲ್ಲಿದ್ದ ಲೆಂಗ್ಯೆಲ್. ಆ ರಾತ್ರಿ ವಿಮಾನದ ಬದಲು ಕಾರಿನಲ್ಲಿ ಹೊರಟಿದ್ದರಿಂದ ಬದುಕುಳಿದ ಸಹಾಯಕ ತರಬೇತುದಾರ ರೆಡ್ ಡಾಸನ್ ಒಂದು ವರ್ಷ ಅವರ ಜೊತೆ ನಿಂತರು.

ಅಮೆರಿಕದ ಫುಟ್‌ಬಾಲ್ ನಮ್ಮ ಕಾಲ್ಚೆಂಡಾಟವಲ್ಲ. ಮೊಟ್ಟೆಯಾಕಾರದ ಚೆಂಡನ್ನು ಕೈಯಲ್ಲಿ ಹಿಡಿದು ನುಗ್ಗುವ, ಎದುರಾಳಿಯನ್ನು ಮೈಮೇಲೆ ಬಿದ್ದು ಕೆಡಹುವ ಆಟ ಅದು. ಮೀಸೆ ಮೂಡದ ಹುಡುಗನಿಗೂ ಬಲಿತ ಯುವಕನಿಗೂ ಅಲ್ಲಿ ಅಜಗಜಾಂತರ. ಮೊದಲ ವರ್ಷದ ವಿದ್ಯಾರ್ಥಿಗಳು ಮುಖ್ಯ ತಂಡದಲ್ಲಿ ಆಡುವಂತಿಲ್ಲವೆಂಬ ನಿಯಮ ಆಗ ಇತ್ತು. ಮಾರ್ಷಲ್‌ಗೆ ಅದರಿಂದ ವಿನಾಯಿತಿ ಸಿಕ್ಕಿತು. ಬೇರೆ ಆಟಗಳನ್ನಾಡುತ್ತಿದ್ದವರೂ ಬಂದು ಸೇರಿದರು. ಅದೇ ರಾಜ್ಯದ ಇನ್ನೊಂದು ವಿಶ್ವವಿದ್ಯಾಲಯದ ತರಬೇತುದಾರ ಬಾಬಿ ಬೌಡನ್ ತಮ್ಮ ತಂತ್ರಗಳನ್ನು ಮುಚ್ಚಿಡದೆ ಹೇಳಿಕೊಟ್ಟರು.

ಮೊದಲ ಪಂದ್ಯದಲ್ಲಿ ಮೋರ್‌ಹೆಡ್ ಎದುರು 29-6ರ ಸೋಲು. ಸೆಪ್ಟೆಂಬರ್ 25ರಂದು ಸ್ವಂತ ಊರಿನಲ್ಲಿ ಝೇವಿಯರ್ ವಿರುದ್ಧ ಎರಡನೆಯ ಪಂದ್ಯ. ಕೊನೆಯ ಗಳಿಗೆಯಲ್ಲೂ ಮಾರ್ಷಲ್ ಹಿಂದೆಯೇ ಇತ್ತು. ಪಂದ್ಯದ ಕಟ್ಟಕಡೆಯ ಆಟದಲ್ಲಿ ರೆಗಿ ಆಲಿವರ್ ಎಸೆದ ಚೆಂಡನ್ನು ಟೆರಿ ಗಾರ್ಡ್ನರ್ ಹಿಡಿದು ಗೆರೆ ದಾಟಿಸಿದ. 15-13! ಮುಂದೆ ಬೌಲಿಂಗ್ ಗ್ರೀನ್ ತಂಡವನ್ನು 12-10ರಿಂದ ಸೋಲಿಸಿದರು. ಉಳಿದದ್ದೆಲ್ಲ ಸೋಲೇ, ಮಯಾಮಿ ಆಫ್ ಓಹಾಯೊ ಎದುರು 66-6.

ಲೆಂಗ್ಯೆಲ್ ನಾಲ್ಕು ಋತುಗಳಲ್ಲಿ ಗೆದ್ದದ್ದು 9, ಸೋತದ್ದು 33. 1974ರ ನಂತರ ಅವರು ಹೊರಟುಹೋದರು. ಸೋಲಿಗಿಂತ ಗೆಲುವು ಹೆಚ್ಚಾದ ವರ್ಷ ಮಾರ್ಷಲ್ ಪಾಲಿಗೆ ಬಂದದ್ದು 1984ರಲ್ಲಿ. 1992 ಮತ್ತು 1996ರಲ್ಲಿ ಅದು ತನ್ನ ವಿಭಾಗದ ರಾಷ್ಟ್ರೀಯ ಚಾಂಪಿಯನ್ ಆಯಿತು. ಆ ಹೊತ್ತಿಗೆ ಲೆಂಗ್ಯೆಲ್ ಅಲ್ಲಿರಲಿಲ್ಲ. ಆದರೆ 1971ರಲ್ಲಿ ಎಂಟು ಸಲ ಸೋಲಲು ಯಾರೂ ಸಿದ್ಧರಿರದಿದ್ದರೆ 1992ರಲ್ಲಿ ಗೆಲ್ಲಲು ತಂಡವೇ ಇರುತ್ತಿರಲಿಲ್ಲ. ಕೆಲವರು ಬೆಳೆ ಕೊಯ್ಯುತ್ತಾರೆ. ಕೆಲವರ ಪಾಲಿಗೆ ಬರುವುದು ಬೀಜ ಉಳಿಸುವ ಕೆಲಸ.

ವಿಶ್ವವಿದ್ಯಾಲಯದ ಆವರಣದಲ್ಲಿ ಮಡಿದವರ ನೆನಪಿನ ಕಾರಂಜಿಯೊಂದಿದೆ. ಪ್ರತಿ ನವೆಂಬರ್ 14ರಂದು ಅದನ್ನು ನಿಲ್ಲಿಸುತ್ತಾರೆ. ವಸಂತ ಬಂದಾಗ ನೀರು ಮತ್ತೆ ಚಿಮ್ಮುತ್ತದೆ.