ಮದ್ರಾಸಿನ ದಾರಿ

ಬೆಂಗಳೂರಿಗೆ ಬಂದ ಹೊಸದರಲ್ಲಿ ಕಮರ್ಷಿಯಲ್ ಸ್ಟ್ರೀಟಿಗೆ ಶರ್ಟ್ ತಗೊಳ್ಳೋಕೆ ಹೋಗಿದ್ದೆ. ಕನ್ನಡದಲ್ಲಿ ರೇಟು ಕೇಳಿದ್ರೆ ತಮಿಳಲ್ಲಿ ಉತ್ತರ! ಇದು ನಮ್ಮ ರಾಜಧಾನಿನಾ ಅಂತ ಸಿಟ್ಟು ಬಂದಿತ್ತು.

ಕಾರಣ ಇರೋದು ಓಲ್ಡ್ ಮದ್ರಾಸ್ ರೋಡಲ್ಲಿ. 1809ರಲ್ಲಿ ಬ್ರಿಟಿಷರು ಹಲಸೂರಿನ ಪಕ್ಕ ದಂಡು ಕಟ್ಟಿದರು. ಮದ್ರಾಸ್ ಸೈನ್ಯದ ಹಿಂದೆಯೇ ತಮಿಳು ಸೀಮೆಯ ವ್ಯಾಪಾರಿಗಳು, ಕೂಲಿಗಳು, ಅಡುಗೆಯವರು ಬಂದರು. 1864ರಲ್ಲಿ ದಂಡಿಗೆ ರೈಲೂ ಬಂತು. 1949ರವರೆಗೆ ದಂಡಿನ ಮುನಿಸಿಪಾಲಿಟಿಯೇ ಬೇರೆ, ಪೇಟೆಯದೇ ಬೇರೆ.

ಹಲಸೂರು, ಕೆ.ಆರ್. ಪುರ, ಹೊಸಕೋಟೆ, ಕೋಲಾರ, ಮುಳಬಾಗಿಲು: ದಾರಿ ಈಗಲೂ ಅದೇ. ಬೈಯಪ್ಪನಹಳ್ಳಿಯಿಂದಾಚೆ ಪಕ್ಕದಲ್ಲೇ ನೇರಳೆ ಮೆಟ್ರೋ ಓಡುತ್ತೆ.

ಮುಳಬಾಗಿಲು ಕಡೆಯ ಹಳ್ಳಿಯಿಂದ ನಾನು ಬಸ್ಸು ಹತ್ತಿ ಬಂದದ್ದೂ ಇದೇ ರೋಡಲ್ಲಿ. ಆ ಅಂಗಡಿಯವರ ಹಿರಿಯರು ನನಗಿಂತ ಮುಂಚೆ ಬಂದಿದ್ದರು, ಅಷ್ಟೇ. ಈಗ ಅಲ್ಲಿ ಎರಡೂ ಭಾಷೆ ಕಲಸಿ ಚೌಕಾಸಿ ಮಾಡ್ತೀನಿ.