ಒಳಗೆ ದುಡಿದವರು, ಹೊರಗೆ ಕಾದವರು

ಕರ್ನಾಟಕದ ಅನುದಾನಿತ ಖಾಸಗಿ ಪದವಿ ಕಾಲೇಜುಗಳಲ್ಲಿ ಉಪನ್ಯಾಸಕರನ್ನು 3 ತಿಂಗಳಿಗೆಂದು ನೇಮಿಸಿ, ಒಂದೆರಡು ದಿನ ಬಿಡಿಸಿ, ಮತ್ತೆ ನೇಮಿಸುವ ಪದ್ಧತಿ ವರ್ಷಗಟ್ಟಲೆ ನಡೆದಿತ್ತು. ಸಂಬಳವು ಕಾಯಂ ಅಧ್ಯಾಪಕರ ಕನಿಷ್ಠ ವೇತನಕ್ಕಿಂತ 10 ರೂಪಾಯಿ ಕಡಿಮೆ. 1992ರಲ್ಲಿ ಸರ್ವೋಚ್ಚ ನ್ಯಾಯಾಲಯವು ಇದನ್ನು ಖಂಡಿಸಿ, 3 ವರ್ಷ ದುಡಿದವರನ್ನು ತೆಗೆಯಬಾರದು, ಹುದ್ದೆ ತೆರವಾದಂತೆ ಸೇರಿಸಿಕೊಳ್ಳಬೇಕು ಎಂದು ಆದೇಶಿಸಿತು.

ಇದೇ ರಾಜ್ಯದ ದಿನಗೂಲಿ ನೌಕರರಿಗೆ ಸಂಬಂಧಿಸಿದ ಉಮಾದೇವಿ ಪ್ರಕರಣದಲ್ಲಿ, 2006ರಲ್ಲಿ, ಸಂವಿಧಾನ ಪೀಠವು ನ್ಯಾಯದ ಇನ್ನೊಂದು ಮುಖವನ್ನು ತೋರಿಸಿತು: ಬಹಿರಂಗ ಸ್ಪರ್ಧೆಯಿಲ್ಲದೆ ಬಂದವರನ್ನು ಕಾಯಂಗೊಳಿಸಿದರೆ, ಅರ್ಜಿ ಹಾಕುವ ಅವಕಾಶವೇ ಸಿಗದ ಅರ್ಹರಿಗೆ ಸಂವಿಧಾನದ 14 ಮತ್ತು 16ನೆಯ ವಿಧಿಗಳು ಕೊಟ್ಟ ಸಮಾನತೆ ತಪ್ಪುತ್ತದೆ.

ಒಳಗೆ ದುಡಿದವರೂ ಹೊರಗೆ ಕಾದವರೂ ಬೇಡಿದ್ದು ನ್ಯಾಯವನ್ನೇ. ಹುದ್ದೆ ತೆರವಾದ ವರ್ಷವೇ ಪ್ರಕಟಣೆ ಹೊರಡಿಸಿ ಆಯ್ಕೆ ನಡೆಸಿದ್ದರೆ, ಇವರಿಬ್ಬರೂ ಪರಸ್ಪರ ಎದುರಾಳಿಗಳಾಗುವ ಪ್ರಸಂಗವೇ ಒದಗುತ್ತಿರಲಿಲ್ಲ.